ದ್ವಿವರ್ಣದ ಗೇಟು

ಹೊಸ ಪೇಂಟಿನ ವಾಸನೆ ಮೂಗಿಗೆ ಬಡಿದರೆ ಇವತ್ತಿಗೂ ನನಗೆ ಜಯನಗರದ ನಮ್ಮ ಮನೆಯ ಗೇಟು ನೆನಪಾಗುತ್ತದೆ.

ಅಂದು ಮಧ್ಯಾಹ್ನ ಅತ್ತೆಯನ್ನು ನೋಡಲು ಗಂಡಿನ ಕಡೆಯವರು ಬರುವವರಿದ್ದರು. ಗೇಟಿಗೆ ಯಾವ ಬಣ್ಣವೆಂದು ಅಪ್ಪನಿಗೂ ಚಿಕ್ಕಪ್ಪನಿಗೂ ಜಗಳವಾಗಿ, ಬೆಳಿಗ್ಗೆ ತಾನೇ ಅಪ್ಪ ಒಂದು ಬಾಗಿಲಿಗೆ ಹಸಿರು, ಚಿಕ್ಕಪ್ಪ ಇನ್ನೊಂದಕ್ಕೆ ನೀಲಿ ಬಳಿದಿದ್ದರು.

"ಅಣ್ಣತಮ್ಮಂದ್ರು ಪಾಲಾಗಿದ್ದಾರೆ ಅಂದ್ಕೋತಾರೆ ಜನ!" ಅಜ್ಜಿ ತಲೆ ಚಚ್ಚಿಕೊಂಡರು.

ಸಸ್ಯಶಾಸ್ತ್ರದ ಮೇಷ್ಟ್ರಾಗಿ ನಿವೃತ್ತರಾಗಿದ್ದ ತಾತ ಕನ್ನಡಕ ಏರಿಸಿದರು. "ಇದಕ್ಕೆ ದ್ವಿವರ್ಣ ಅಂತಾರೆ ಕಣೇ. ಎರಡು ಹೂವು ಎರಡು ಬಣ್ಣ ಇದ್ರೆ ಹಾಗನ್ನಲ್ಲ. ಒಂದೇ ಹೂವಲ್ಲಿ ಎರಡಿರಬೇಕು."

"ಬಂದೋರಿಗೆ ಪಾಠ ಮಾಡ್ಬೇಡಿ, ನಿಮ್ ದಮ್ಮಯ್ಯ!"

ಅಷ್ಟರಲ್ಲಿ ಅವರು ಬಂದೇಬಿಟ್ಟರು. ಹಸಿ ಪೇಂಟು ಅಂಟಿಕೊಂಡ ಗೇಟು ಅರ್ಧಕ್ಕೇ ನಿಂತಿತು. ಗಂಡು ಸಂದಿಯಲ್ಲಿ ತೂರಿ ಬಂದರು. ಬಿಳಿ ಶರ್ಟಿನ ಒಂದು ತೋಳು ಹಸಿರು, ಇನ್ನೊಂದು ನೀಲಿ.

ಎಲ್ಲರೂ ಕಲ್ಲಾದರು. ತಾತ ಮಾತ್ರ ಚಪ್ಪಾಳೆ ತಟ್ಟಿದರು. "ನೋಡಿ, ಇದು ಅಪ್ಪಟ ದ್ವಿವರ್ಣ!"

ಒಳಗಿನಿಂದ ಕಿಸಕ್ಕನೆ ನಗು ಕೇಳಿಸಿತು. ತಲೆ ತಗ್ಗಿಸಿ ಕಾಫಿ ತಟ್ಟೆ ಹಿಡಿದು ಬರಬೇಕಿದ್ದ ಅತ್ತೆ, ಸೀಮೆಎಣ್ಣೆ ಬಾಟಲಿ, ಹಳೇ ಬಟ್ಟೆ ಹಿಡಿದು ಓಡಿ ಬಂದರು. ಗಂಡು, ಅಂದರೆ ಈಗಿನ ನಮ್ಮ ಮಾವ, ಎರಡೂ ತೋಳು ಚಾಚಿ ನಿಂತರು.