ಲಗ್ನಪತ್ರಿಕೆಯ ಕೊನೆಯ ಸಾಲು

ತಿಂಗಳಿಗೊಮ್ಮೆ ಎಲ್ಲರೂ ಮರೆವಿನ ಹನಿ ಕುಡಿಯಲೇಬೇಕಿತ್ತು; ಕುಡಿದರೆ ತಲೆಯಿಂದ ಒಂದು ಪದ, ಅದರ ಜತೆಗೆ ಆ ಪದ ಹೇಳುವ ನಂಟೂ ಅಳಿಯುತ್ತಿತ್ತು. ಈ ತಿಂಗಳ ಹನಿಯನ್ನೂ ಕುಡಿದಾಗಿತ್ತು. ಟ್ರಂಕಿನ ತಳದಲ್ಲಿ ತನ್ನದೇ ಲಗ್ನಪತ್ರಿಕೆ ಸಿಕ್ಕಾಗ ನಿಂಬೆವ್ವ ಕೊನೆಯ ಸಾಲಿನಲ್ಲಿ ತಡವರಿಸಿದಳು: 'ನಮ್ಮ ಅಕ್ಕನ ಮದುವೆಗೆ ತಪ್ಪದೇ ಬನ್ನಿ. ಕಸ್ತೂರಿ.'

"ರೀ, ಅಕ್ಕ ಅಂದ್ರ ಏನ್ರೀ? ಎಲ್ಲೋ ಕೇಳಿದಂಗ ಐತಿ."

ಗಂಡ ಗಡಬಡಿಸಿ ಕಿಟಕಿ ಮುಚ್ಚಿದ. "ಮೆಲ್ಲಕ ಮಾತಾಡ! ಅಳಿಸಿದ ಪದ ಆಡಿದ್ರ ಹಿಡಕೊಂಡು ಒಯ್ತಾರ. ಅದನ್ನ ಒಲಿಗೆ ಹಾಕು."

ಹಾಕಲು ಅವಳ ಕೈ ಬರಲಿಲ್ಲ. ಮದುವೆ ತನ್ನದು. ಹಾಗಾದರೆ ಅಕ್ಕ ಎಂದರೆ ತಾನೇ. ಹಾಗೆ ಕರೆದ ಕಸ್ತೂರಿ ತನಗೇನಾಗಬೇಕು?

ನಿನ್ನೆ "ಅಕ್ಕಾ, ಬಾಗ್ಲಾ ತಗೀ" ಎಂದು ಗೋಗರೆದವಳನ್ನು, ಹನಿ ತಪ್ಪಿಸಿಕೊಂಡ ಹುಚ್ಚಿಯೆಂದು ಹಿಡಿಸಿಕೊಟ್ಟವಳು ತಾನೇ.