ಹನ್ನೆರಡನೇ ಸೀಟು

"ಇದು ನನ್ನ ಸೀಟು ಕಣಮ್ಮಾ," ಎಂದು ಅಜ್ಜಿಯೊಬ್ಬರು ಟಿಕೆಟ್ ಮುಂದೆ ಹಿಡಿದಾಗ ಬಸ್ಸಿನ ಆ ಸೀಟಿನಲ್ಲಿ ಕೂತಿದ್ದ ಇಂಜಿನಿಯರ್ ಹುಡುಗಿ ತನ್ನ ಫೋನಿನಲ್ಲಿದ್ದ ಟಿಕೆಟ್ ನೋಡಿದಳು. ಅದರಲ್ಲೂ ಹನ್ನೆರಡೇ ಇತ್ತು.

"ಕಂಪ್ಯೂಟರ್ ಮಾಡಿರೋ ಎಡವಟ್ಟು. ಬೆಳಗ್ಗಿಂದ ಬೈಸ್ಕೊಂಡು ಬೈಸ್ಕೊಂಡು ಸಾಕಾಗಿದೆ," ಎಂದು ಕಂಡಕ್ಟರ್ ಗೊಣಗಿದ. ತನ್ನ ಕಂಪನಿಯ ಬಸ್ಸುಗಳ ಬುಕಿಂಗ್ ವ್ಯವಸ್ಥೆ ಕಟ್ಟಿದ್ದು ಅವಳೇ. ಯಾವ ಸೀಟು ಯಾರಿಗೆಂಬುದು ಸರ್ವರ್‌ನ ಮೆಮೊರಿಯಲ್ಲಿರುತ್ತಿತ್ತು. ಬೆಳಗ್ಗೆ ಸರ್ವರ್ ಕೈಕೊಟ್ಟು ಎಲ್ಲ ಅಳಿಸಿಹೋಗಿ, ಮಾರಿದ ಸೀಟುಗಳನ್ನೇ ಮತ್ತೆ ಮಾರಿಬಿಟ್ಟಿತ್ತು. ಸರ್ವರ್‌ಗಳನ್ನು ಬಾಡಿಗೆಗೆ ಕೊಟ್ಟು ನಡೆಸುವ ಕ್ಲೌಡ್ ಕಂಪನಿಯವರೇ ಅದನ್ನು ನೋಡಿಕೊಳ್ಳಲಿ ಎಂದು ಬಾಸ್ ಮೂರು ತಿಂಗಳಿಂದ ತಲೆ ಚಚ್ಚಿಕೊಂಡರೂ, "ನಾವೇ ನೋಡ್ಕೊಂಡ್ರೆ ಹಿಡಿತ ನಮ್ಮ ಕೈಲಿರುತ್ತೆ ಸಾರ್," ಎಂದು ಅವಳು ಹಟ ಹಿಡಿದಿದ್ದಳು. ಒಂದು ಬಿದ್ದರೆ ಇನ್ನೊಂದಿರಲಿ ಎಂದು ಎರಡನೇ ಸರ್ವರ್ ಇಡುವುದನ್ನು ಮಾತ್ರ ನಾಳೆ ನಾಳೆ ಎಂದು ತಳ್ಳುತ್ತಲೇ ಬಂದಿದ್ದಳು.

"ಮೊಣಕಾಲು ನೋವಮ್ಮಾ, ಆರು ಗಂಟೆ ದಾರಿ. ಯಾರು ಮಾಡ್ತಾರೋ ಇಂಥ ಕೆಲಸ!" ಎಂದರು ಅಜ್ಜಿ. ಅವಳು ಎದ್ದು, ಅವರನ್ನು ಕೂರಿಸಿ, ಕಂಬಿ ಹಿಡಿದುಕೊಂಡು ಬಾಸ್‌ಗೆ ಫೋನ್ ಮಾಡಿದಳು.

"ಸರ್ವರ್ನ ಆ ಕ್ಲೌಡ್ ಕಂಪನಿಯವರಿಗೇ ಒಪ್ಪಿಸಿಬಿಡಿ ಸಾರ್."

"ಅಯ್ಯೋ, ಇಷ್ಟು ದಿನ ಜಪ್ಪಯ್ಯ ಅಂದ್ರೂ ಒಪ್ಲಿಲ್ಲ! ಈಗೇನಾಯ್ತು? ಎಲ್ಲಿದ್ದೀರಾ?"

"ನಮ್ಮ ಬಸ್ಸಲ್ಲಿ ಸಾರ್. ನಿಂತಿದ್ದೀನಿ."