ಲುಸಾಕಾದಿಂದ ಬಂದ ಬಹುಮಾನ

‘ಝಾಂಬಿಯಾದ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ನಿಮ್ಮ ಕಿರುಚಿತ್ರಕ್ಕೆ ಮೊದಲ ಬಹುಮಾನ ಬಂದಿದೆ’ ಎಂಬ ಇಮೇಲ್ ಓದಿದ ಕೂಡಲೇ ಟೆಕ್ಸಾಸಿನ ಮರ್ಫಿ ಎಂಬ ಊರಿನ ಸಿದ್ಧಾರೂಢ ಮಾಡಿದ ಮೊದಲ ಕೆಲಸವೆಂದರೆ ಬ್ಯಾಂಕಿನ ಪಾಸ್‌ವರ್ಡ್ ಬದಲಾಯಿಸಿದ್ದು. ಎರಡನೆಯದು, ಮುಂಬಾಗಿಲಿಗೆ ಚಿಲಕ ಹಾಕಿದ್ದು. ಇಮೇಲ್ ಬಾಗಿಲಿನಿಂದ ಬರುವುದಿಲ್ಲವೆಂಬುದು ಅವನಿಗೆ ಗೊತ್ತಿರಲಿಲ್ಲವೆಂದಲ್ಲ. ಆದರೆ ಅನುಮಾನದಲ್ಲಿ ಅವನನ್ನು ಮೀರಿಸುವವನು ಡಲ್ಲಾಸಿನಿಂದ ಹ್ಯೂಸ್ಟನ್ನಿನವರೆಗೆ ಇನ್ನೂ ಹುಟ್ಟಿರಲಿಲ್ಲ. ಹಾಲಿನ ಕ್ಯಾನಿನ ಮೇಲಿದ್ದ ತಾರೀಖನ್ನು ನಂಬದೆ, ಹಸುವನ್ನೇ ವಿಚಾರಿಸಬೇಕೆಂದು ಡೇರಿಯವರೆಗೆ ಡ್ರೈವ್ ಮಾಡಿದ ಗಂಡಸು ಅವನು.

“ಇದು ಕಳ್ಳರ ಕೆಲಸ,” ಎಂದ, ಹೆಂಡತಿ ವಿದ್ಯಾವತಿಗೆ. “ಅಷ್ಟು ದೂರದಿಂದ ಬಹುಮಾನ ಬಂತಂದ್ರ ಅದರ ಹಿಂದ ಸ್ಕ್ಯಾಮ್ ಇರಲಿಕ್ಕೇ ಬೇಕು.”

“ಯಾಕ್ರಿ, ಬಾಗಲಕೋಟಿಯಿಂದ ಬಂದಿದ್ರ ನಂಬತಿದ್ರೇನು?”

“ಬಾಗಲಕೋಟಿ ಮಂದಿ ನನಗ ಗೊತ್ತಿಲ್ಲೇನು? ಅವರು ಬಹುಮಾನ ಕೊಡಂಗೇ ಇಲ್ಲ.”

ಅವನ ಚಿತ್ರದ ಹೆಸರು ‘ಮೂಕ ಮೋಡ’. ಒಂದೂ ಮಾತಿಲ್ಲ, ಒಬ್ಬ ಮನುಷ್ಯನೂ ಇಲ್ಲ, ಬರೀ ಆಕಾಶ. ಅದಕ್ಕಾಗಿ ಎರಡು ಬೇಸಿಗೆ ಟೇಲರ್ ಎಂಬ ಊರಿನ ಹೊಲಗಳಲ್ಲಿ ಕ್ಯಾಮೆರಾ ಹಿಡಿದು ನಿಂತಿದ್ದ; ಆ ಬಿಸಿಲಿಗೆ ಅವನ ನೆರಳೇ ಸುಟ್ಟು ತೂತು ಬಿದ್ದಿತ್ತು. ಡಲ್ಲಾಸ್, ಹ್ಯೂಸ್ಟನ್, ಆಸ್ಟಿನ್, ಮೂರೂ ಊರಿನ ಉತ್ಸವಗಳು ಅದನ್ನು ಬೇಡವೆಂದಿದ್ದವು. ಕೊನೆಗೆ ವಿದ್ಯಾವತಿಯೇ “ದೂರದವರಿಗಾದ್ರೂ ಕನಿಕರ ಇರತದ” ಎಂದು ಝಾಂಬಿಯಾಕ್ಕೆ ಅಪ್‌ಲೋಡ್ ಮಾಡಿದ್ದಳು. ಈ ಬಹುಮಾನ ನಿಜವಾದರೆ ಅವನು ಚಿತ್ರ ನಿರ್ದೇಶಕ; ಸುಳ್ಳಾದರೆ ಜನರ ಅಡುಗೆಮನೆಗೆ ಗ್ರಾನೈಟ್ ಮಾರುವ ಅದೇ ಹಳೇ ಸಿದ್ಧಾರೂಢ.

ಸ್ಕೈಪಿನಲ್ಲಿ ಮುಖ ತೋರಿಸಿದರೆ ಮಾತ್ರ ನಂಬುತ್ತೇನೆಂದು ಉತ್ತರ ಬರೆದ. ತೋರಿಸಿಯೇಬಿಟ್ಟರು. ಉತ್ಸವದ ನಿರ್ದೇಶಕಿ ಮುಟಾಲೆ, ಹಳದಿ ತಲೆವಸ್ತ್ರ ಕಟ್ಟಿಕೊಂಡು, ನಗುತ್ತಾ ಕೂತಿದ್ದರು. ಸಿದ್ಧಾರೂಢ ಇಂಗ್ಲಿಷಿನಲ್ಲಿ ಆರ್ಭಟ ಶುರುಮಾಡಿದ. ಕಿಟಕಿ ತೆಗೆಯಿರಿ, ಹೊರಗೆ ಲುಸಾಕಾ ಇದೆಯೋ ಇಲ್ಲವೋ ನೋಡಬೇಕೆಂದ. ಆಕೆ ಕಿಟಕಿ ತೆಗೆದರು; ರಸ್ತೆ, ಬಸ್ಸು, ಉತ್ಸವದ ಬ್ಯಾನರು ಕಂಡವು; ಗೇಟಿನ ಕಾವಲುಗಾರ ಕೈ ಬೀಸಿದ. ಇಷ್ಟಾದರೂ ಯಾರೂ ಅವನ ಬ್ಯಾಂಕಿನ ಹೆಸರು ಕೇಳದಿದ್ದದ್ದು ಅವನ ಅನುಮಾನವನ್ನು ಇನ್ನಷ್ಟು ಕೆರಳಿಸಿತು.

“ಹಾಗಾದರೆ ನನ್ನ ಚಿತ್ರದಲ್ಲಿ ಏನಿದೆ, ಹೇಳಿ ನೋಡೋಣ,” ಎಂದು ಕೊನೆಯ ಬಾಣ ಬಿಟ್ಟ.

ಮುಟಾಲೆಯ ಮುಖ ಅರಳಿತು. “ಎಂಥ ವಿಡಂಬನೆ! ವೇದಿಕೆಯ ಮೇಲೆ ಒಬ್ಬನಿಗೆ ಶಾಲು ಹೊದಿಸುತ್ತಾರೆ. ಪೇಟ ಇಡುತ್ತಾರೆ, ಅದು ಮೂಗಿನವರೆಗೆ ಜಾರುತ್ತದೆ. ಹೊಗಳಿದವರಿಗೆಲ್ಲ ಅವನು ತಿರುಗಿ ಶಾಲು ಹೊದಿಸುತ್ತಾನೆ. ಮಕ್ಕಳು ಹಸಿದು ಅಳುತ್ತವೆ. ಕಡೆಗೆ ಅವನ ಕೈಯಿಂದ ಮೈಕು ಬಿಡಿಸಲು ಮೂವರು ಬೇಕಾಗುತ್ತಾರೆ! ಭಾಷೆ ಬಾರದಿದ್ದರೂ ನಮಗೆಲ್ಲ ಅರ್ಥವಾಯಿತು, ಇಂಥವರು ನಮ್ಮಲ್ಲೂ ಇದ್ದಾರೆ. ಆ ಪಾತ್ರವನ್ನು ನೀವೇ ಮಾಡಿದ್ದೀರಿ. ಎಂಥ ಧೈರ್ಯ!”

ಸಿದ್ಧಾರೂಢ ಕುರ್ಚಿಯನ್ನು ಪರದೆಯ ಹತ್ತಿರಕ್ಕೆ ಎಳೆದುಕೊಂಡ. ಅದು ಮೋಡದ ಚಿತ್ರವಲ್ಲ. ಡಲ್ಲಾಸಿನ ಹತ್ತಿರದ ಕಾಪೆಲ್ ಊರಿನಲ್ಲಿ ಕನ್ನಡ ಬಳಗದವರು ಅವನಿಗೆ ಮಾಡಿದ ಸನ್ಮಾನದ ವಿಡಿಯೋ. ಆ ಸನ್ಮಾನದ ಶಾಲು, ಪೇಟ, ಊಟ ಎಲ್ಲವನ್ನೂ ತಂದವನು ಅವನೇ. ಹೊಗಳುವವರಿಗೆ ಭಾಷಣ ಬರೆದುಕೊಟ್ಟವನೂ ಅವನೇ.

ಮೈಕನ್ನು ಮ್ಯೂಟ್ ಮಾಡಿ ಹೆಂಡತಿಯ ಕಡೆ ತಿರುಗಿದ. “ಏನ್ ಕಳಿಸೀಯೇ ನೀನು?”

“ಎರಡೂ ಹಚ್ಚಿ ನೋಡಿದೆ ರೀ,” ಎಂದಳು ವಿದ್ಯಾವತಿ, ತಣ್ಣಗೆ. “ಯಾವುದು ನೋಡುಮುಂದ ನಿದ್ದಿ ಬರಲಿಲ್ಲೋ ಅದನ್ನ ಕಳಿಸಿದೆ.”

ಅಷ್ಟರಲ್ಲಿ ಪರದೆಯಲ್ಲಿ ಮುಟಾಲೆಯ ನಗು ಇಳಿದಿತ್ತು. ಅವನು ಮ್ಯೂಟ್ ತೆಗೆದ.

“ಕ್ಷಮಿಸಿ, ನಮಗೂ ಒಂದು ಅನುಮಾನ,” ಎಂದರು ಆಕೆ. “ಅಮೆರಿಕದಿಂದ ಬರುವುದನ್ನೆಲ್ಲ ನಾವು ಸುಮ್ಮನೆ ನಂಬುವಂತಿಲ್ಲ. ಇದು ಕಥಾಚಿತ್ರವೇ ಅಲ್ಲ, ನಿಜವಾಗಿ ನಡೆದ ಸಮಾರಂಭ ಎಂದು ತೀರ್ಪುಗಾರರೊಬ್ಬರು ಹಟ ಹಿಡಿದಿದ್ದಾರೆ. ಹಾಗಿದ್ದರೆ ಬಹುಮಾನ ಬೇರೆಯವರಿಗೆ ಹೋಗುತ್ತದೆ. ನೀವೇ ಹೇಳಿಬಿಡಿ, ಅದರಲ್ಲಿ ನಿಜ ಎಷ್ಟು, ನಟನೆ ಎಷ್ಟು?”

ವಿದ್ಯಾವತಿ ಹುಬ್ಬೇರಿಸಿ ಗಂಡನನ್ನೇ ನೋಡಿದಳು. ಸಿದ್ಧಾರೂಢ ಬೆವರು ಒರೆಸಿಕೊಂಡು, ಎದೆಯ ಮೇಲೆ ಕೈ ಇಟ್ಟುಕೊಂಡ.

“ಎಲ್ಲಾ ನಟನೆಯೇ, ಮೇಡಂ. ಒಂದು ಚಪ್ಪಾಳೆಯೂ ನಿಜವಲ್ಲ.”